ಅಮ್ಮಿಯ ಫೋಟೋ ಕೆಳಗಿನ ಜಗಳ

ಆರ್.ಟಿ. ನಗರದ ಸಬಾಳ ತಾಯಿ ಮುಸರ್ರತ್ ಬೇಗಂ ಬೆಳಿಗ್ಗೆ ಹಾಲು ತರಲು ಹೋದವರು ಮನೆಗೆ ಬರಲಿಲ್ಲ. ಈಚೆಗೆ ಅವರಿಗೆ ಮರೆವು, ತಮ್ಮ ಮನೆಯಲ್ಲೇ ಕೂತು "ಮನೆಗೆ ಹೋಗೋಣ ನಡಿ ಬೇಟಿ" ಎನ್ನುವಷ್ಟು ಮರೆವು. ಹೆಂಗಸರಿಗೆ ಬಸ್ಸು ಬೇರೆ ಪುಕ್ಕಟೆ, ಯಾವುದು ಹತ್ತಿದರೂ ತಡೆಯುವವರಿಲ್ಲ. ಅಣ್ಣ ಹುಜೈಫಾ ಪೊಲೀಸರಿಗೆ ದೂರು ಕೊಟ್ಟು ಬೈಕ್ ಹತ್ತಿದ.

"ನೀನು ಮನೇಲೇ ಇರು. ನಮ್ ಏರಿಯಾ ಫೇಸ್‌ಬುಕ್ ಗ್ರೂಪಲ್ಲಿ ಅಮ್ಮೀದು ಫೋಟೋ ಹಾಕು. ಯಾರಾದ್ರೂ ನೋಡಿದ್ರೆ ಅಲ್ಲೇ ಹೇಳ್ತಾರೆ. ಫೋನ್ ಮೇಲೇ ಕಣ್ಣಿಟ್ಟಿರು, ಅಷ್ಟು ಸಾಕು" ಎಂದು ತಂಗಿಗೆ ಹೇಳಿ ಹೆಬ್ಬಾಳದ ಕಡೆ ಹೋದ.

ಸಬಾ ಫೋಟೋ ಹಾಕಿದಳು. ಕಳೆದ ರಂಜಾನಿನ ಮರುದಿನ ಹೆಬ್ಬಾಳ ಕೆರೆಯ ಮುಂದೆ ತೆಗೆದದ್ದು, ಹಸಿರು ದುಪಟ್ಟಾ, ಬಿಸಿಲಿಗೆ ಸಣ್ಣಗಾದ ಕಣ್ಣು. ಕೆಳಗೆ ತನ್ನ ನಂಬರ್. ಗುಂಪಿನಲ್ಲಿ ಅರವತ್ತು ಸಾವಿರ ಜನ. ಅಷ್ಟು ಜನರ ಕಣ್ಣಿಗೆ ಒಬ್ಬ ಮುದುಕಿ ಬೀಳದೆ ಇರುತ್ತಾರೆಯೇ ಎಂದು ಪಾಪ ಅವಳಿಗೆ ಧೈರ್ಯ.

ಆ ಜನವೋ, ದೇವರೇ ಕಾಪಾಡಬೇಕು! ಮೊದಲು ಬಂದವನು "ಹೆಣ್ಮಕ್ಕಳು ನಂಬರ್ ಹಾಕ್ಬಾರ್ದು ಕಣ್ರೀ" ಎಂದ. ಹಾಕಿದರೆ ಏನೀಗ ಎಂದು ಇನ್ನೊಬ್ಬ. ನೀನ್ಯಾರು ಕೇಳೋಕೆ ಎಂದು ಮತ್ತೊಬ್ಬ. ಅಷ್ಟರಲ್ಲಿ ಗುಂಪಿನ ಅಡ್ಮಿನ್ ಎದ್ದು ಬಂದು, ಫೋನ್ ನಂಬರ್ ಹಾಕುವುದು ನಿಯಮಕ್ಕೆ ವಿರುದ್ಧ, ತೆಗೆಯದಿದ್ದರೆ ಪೋಸ್ಟನ್ನೇ ಅಳಿಸುತ್ತೇನೆ ಎಂದು ಗದರಿಸಿದ. ಸಬಾ ಹೆದರಿ ನಂಬರ್ ತೆಗೆದಳು.

ಆಮೇಲೆ ಜಗಳ ಕೆರೆಗೆ ಬಿತ್ತು. "ಹಿಂದೆ ಕಾಣ್ತಿರೋದು ಹೆಬ್ಬಾಳ ಕೆರೆ ಅಲ್ಲ ಗುರು, ನಾಗವಾರ." "ಮಗಾ, ನಾನ್ ಹುಟ್ಟಿ ಬೆಳ್ದಿರೋದೇ ಇಲ್ಲಿ, ನಂಗೇ ಕೆರೆ ತೋರಿಸ್ತೀಯಾ?" ಒಬ್ಬ ಮ್ಯಾಪ್ ತಂದ, ಒಬ್ಬ ನೀರಿನ ಸುತ್ತ ಕೆಂಪು ಗೆರೆ ಎಳೆದ. ಕೊನೆಗೊಬ್ಬ ಪುಣ್ಯಾತ್ಮ ವಾದ ಗೆಲ್ಲಲು ಫೋಟೋವನ್ನು ಕತ್ತರಿಸಿ ಕೆರೆಯನ್ನಷ್ಟೇ ಹಾಕಿದ. ಅಮ್ಮಿ ಆ ಫೋಟೋದಿಂದಲೂ ಕಾಣೆಯಾದರು.

ಇದನ್ನೆಲ್ಲ ಸಬಾ ಸಹಿಸಿಕೊಂಡಳು. ಆಗ ಹೇಮಂತ ಎಂಬ ಹೆಸರಿನವನು ಬರೆದ: "ವಯಸ್ಸಾದೋರ್ನ ಬೀದಿಗೆ ಬಿಟ್ಟು ಲೈಕಿಗೋಸ್ಕರ ನಾಟಕ ಆಡ್ತಾರೆ. ಇಂಥ ಮಕ್ಕಳು ಇದ್ರೆಷ್ಟು, ಬಿಟ್ರೆಷ್ಟು."

ಅವಳ ಮೈಯೆಲ್ಲ ಉರಿದುಹೋಯಿತು. ಅಮ್ಮಿಗೆ ದಿನಾ ಸ್ನಾನ ಮಾಡಿಸಿ, ತಲೆ ಬಾಚಿ, ಹಟ ಮಾಡಿದರೆ ರಮಿಸಿ ತುತ್ತು ತಿನ್ನಿಸುತ್ತಿದ್ದವಳು ಅವಳು. ಮದುವೆ ಮಾತನ್ನೂ ಅದಕ್ಕೇ ಮುಂದೂಡಿದ್ದಳು. ಉತ್ತರ ಬರೆದಳು. ಅವನು ತಿರುಗಿ ಬರೆದ. ಇವಳು ಇನ್ನೂ ಉದ್ದ ಬರೆದಳು.

"ತಾಯಿ ಕಾಣೆಯಾಗಿದ್ರೆ ಇಷ್ಟುದ್ದ ಟೈಪ್ ಮಾಡೋಕೆ ಟೈಮ್ ಎಲ್ಲಿಂದ ಬಂತು ಮೇಡಂ?" ಎಂದ ಆ ಹಾಳಾದವನು.

ಅಯ್ಯೋ, ಅಲ್ಲಿಗಾದರೂ ನಿಲ್ಲಿಸಬಾರದಿತ್ತೇ! ನಿಲ್ಲಿಸಲಿಲ್ಲ. ಅವನನ್ನು ಉಗಿದು ಉಪ್ಪಿನಕಾಯಿ ಹಾಕಿದಳು. "ಸೂಪರ್ ಸಿಸ್ಟರ್", "ಬಿಡ್ಬೇಡಿ ಅವನ್ನ" ಎಂದು ಜನ ಹೃದಯದ ಗುರುತು ಸುರಿದರು. ಹೇಮಂತ ತನ್ನ ಮಾತನ್ನೆಲ್ಲ ಅಳಿಸಿ ಓಡಿಹೋದ. ಒಂದು ಕ್ಷಣ ಅವಳಿಗೆ ಸಮಾಧಾನವೂ ಆಯಿತು.

ಆಮೇಲೆ ಉಳಿದ ಕಾಮೆಂಟುಗಳನ್ನು ನೋಡುತ್ತ ಹೋದಳು. ಕೆರೆಯ ಜಗಳದ ನಡುವೆ ಮುನಿರಾಜು ಎಂಬುವವರು ಬರೆದಿದ್ದರು: "ಮೇಡಂ ಈ ಅಮ್ಮ ಹುಣಸಮಾರನಹಳ್ಳೀಲಿ ನಮ್ ಟೀ ಅಂಗಡಿ ತಾವ ಕೂತವ್ರೆ. ನಂಬರ್ ಕೊಡಿ." ಸ್ವಲ್ಪ ಕೆಳಗೆ ಮತ್ತೆ: "ಬೇಗ ಬನ್ನಿ ಮೇಡಂ, ಎದ್ದೆದ್ದು ಓಯ್ತಾವ್ರೆ." ಒಂದು ಲೈಕೂ ಇರಲಿಲ್ಲ. ಹುಣಸಮಾರನಹಳ್ಳಿ ನಮ್ಮ ಗುಂಪಿನ ಏರಿಯಾಕ್ಕೆ ಬರುತ್ತದೆಯೇ ಎಂದು ಯಾರೋ ಕೇಳಿದ್ದರು. ಅದರ ಮೇಲೆ ಬೇರೆಯೇ ಚರ್ಚೆ ನಡೆದಿತ್ತು.

ಮುನಿರಾಜುಗೆ ನಂಬರ್ ಕಳಿಸಿ, ಅಣ್ಣನಿಗೆ ಫೋನ್ ಮಾಡಿ, ಬಾಗಿಲಿಗೆ ಚಿಲಕ ಕೂಡ ಹಾಕದೆ ಆಟೋ ಹತ್ತಿದಳು.

ಟೀ ಅಂಗಡಿಯ ಎದುರು ಜನ ಸೇರಿದ್ದರು. ಹುಜೈಫಾ ಪೊಲೀಸರ ಪಕ್ಕ ತಲೆ ಹಿಡಿದುಕೊಂಡು ಕೂತಿದ್ದ. ರಸ್ತೆ ಬದಿಯಲ್ಲಿ ಅಮ್ಮಿ ಮಲಗಿದ್ದರು, ಮುಖ ಮುಚ್ಚುವಂತೆ ಯಾರದೋ ಒಗೆದ ಪಂಚೆ ಹೊದಿಸಿತ್ತು. ಸಬಾ ಅಲ್ಲೇ ಕುಸಿದು ಅಮ್ಮಿಯ ಕೈ ಹಿಡಿದುಕೊಂಡಳು. ಕೈ ಇನ್ನೂ ಬೆಚ್ಚಗಿತ್ತು.

ಸುಮಾರು ಹೊತ್ತಾದ ಮೇಲೆ ಮುನಿರಾಜು ಹತ್ತಿರ ಬಂದು ಕೂತರು. ಅವರೂ ಅತ್ತಿದ್ದರು.

"ಟೀ ಕೊಟ್ಟೆ, ಬನ್ನು ಕೊಟ್ಟೆ. ಸಬಾ ಬರ್ತಾಳೆ, ಸಬಾ ಬರ್ತಾಳೆ ಅಂತಾನೇ ಕೂತಿದ್ರು ತಾಯಿ. ಗಿರಾಕಿ ಬಂದ್ರು ಅಂತ ಇಂಗೆ ತಿರುಗ್ದೆ, ಅಂಗೇ ಎದ್ದು ರೋಡಿಗೆ ಓಗ್ಬುಟ್ರು. ಏರ್‌ಪೋರ್ಟ್ ರೋಡಲ್ಲಿ ಯಾವನಮ್ಮ ಬ್ರೇಕ್ ಆಕ್ತಾನೆ? ಮೆಸೇಜ್ ಆಕಿ ಒಂದ್ ಗಂಟೆ ಮೇಲಾಯ್ತಲ್ಲಮ್ಮಾ, ಯಾಕಿಷ್ಟೊತ್ತಾಯ್ತು?"

ಬೈಯಲಿಲ್ಲ ಆ ಮನುಷ್ಯ, ಸಂಕಟಕ್ಕೆ ಕೇಳಿದರು. ಅಣ್ಣನೂ ತಲೆಯೆತ್ತಿ ಅವಳನ್ನೇ ನೋಡಿದ.

"ಟ್ರಾಫಿಕ್ಕಣ್ಣಾ" ಎಂದಳು. "ಹೆಬ್ಬಾಳದಲ್ಲಿ."

"ಔದು ಬುಡವ್ವ, ಆ ಎಬ್ಬಾಳ ದಾಟೋದು ಯಾರ್ ಕೈಲಾಯ್ತದೆ" ಎಂದು ಮುನಿರಾಜು ಅವಳ ಬೆನ್ನು ಸವರಿದರು. "ನಿನ್ ತಪ್ಪೇನೈತೆ ತಾಯಿ, ಅಳಬ್ಯಾಡ."