ಸುಡಲೈಮುತ್ತುವಿನ ಹೆಸರು

ಚೆನ್ನೈನ ವಡಪಳನಿಯ ಡಬ್ಬಿಂಗ್ ಸ್ಟುಡಿಯೋಗಳಲ್ಲಿ ನಾನು ಎಷ್ಟೋ ನಾಯಕಿಯರ ಪರವಾಗಿ ನಕ್ಕಿದ್ದೇನೆ, ಅತ್ತಿದ್ದೇನೆ. ಅದು ಹೊಟ್ಟೆಪಾಡು. ಒಂದೇ ಒಂದು ಸಲ ನನ್ನ ದನಿ ಕೇಳಿ ನನಗೇ ಹೇಸಿಗೆಯಾಯಿತು.

ನಿರ್ದೇಶಕ ಇಳಂಪರಿದಿಯ ಮೊದಲ ಎರಡು ಚಿತ್ರಗಳನ್ನು ಪತ್ರಿಕೆಯವರು ಹೊಗಳಿ ಅಟ್ಟಕ್ಕೇರಿಸಿದ್ದರು; ಜನ ಮಾತ್ರ ಥಿಯೇಟರಿನ ಕಡೆ ತಲೆ ಹಾಕಿರಲಿಲ್ಲ. ಮೂರನೆಯದು ತೂತ್ತುಕುಡಿಯ ಉಪ್ಪಿನ ಗದ್ದೆಯ ಕೂಲಿಗಳ ಕಥೆ. ಇದೂ ಮಕಾಡೆ ಮಲಗಿದರೆ ಕೋಡಂಬಾಕ್ಕಂನಲ್ಲಿ ಅವನನ್ನು ಟೀಗೆ ಕರೆಯುವವರೂ ಇರುತ್ತಿರಲಿಲ್ಲ.

ತಾಯಿಯ ಪಾತ್ರಕ್ಕೆ ಅಲ್ಲಿನ ಕೂಲಿ ಪೇಚ್ಚಿಯಮ್ಮನನ್ನೇ ಹಾಕಿಕೊಂಡಿದ್ದ. ಅವಳ ಮಗ ಸುಡಲೈಮುತ್ತು ಉಪ್ಪಿನ ಲಾರಿ ಮಗುಚಿ ಸತ್ತಿದ್ದ. ಲಾರಿಯಲ್ಲಿ ಅವನಿರಲೇ ಇಲ್ಲವೆಂದು ಮಾಲೀಕ ಬರೆಸಿ ಕೇಸು ಮುಚ್ಚಿಹಾಕಿಸಿದ್ದ. ಕ್ಯಾಮೆರಾ ಮುಂದೆ ಸಾವಿನ ಹಾಡು ಹಾಡಿ ಅಳಲು ಅವಳು ಸುತರಾಂ ಒಪ್ಪಲಿಲ್ಲ.

"ಅಕ್ಕಾ, ನಿನ್ನ ಮಗನ ಹೆಸರು ಹಿಡಿದೇ ಅಳು. ಊರೂರಿಗೂ ಕೇಳ್ಲಿ," ಎಂದು ಇಳಂಪರಿದಿ ಮಾತು ಕೊಟ್ಟ ಮೇಲೆ ಒಪ್ಪಿದಳು.

ಡಬ್ಬಿಂಗಿಗೆ ಹೋದಾಗ ಆ ದೃಶ್ಯ ನೋಡಿ ಹೆಡ್‌ಫೋನ್ ತೆಗೆದಿಟ್ಟು ಇಳಂಪರಿದಿಯ ಕಡೆ ತಿರುಗಿದೆ.

"ಇದಕ್ಕೆ ನಾನ್ಯಾಕೆ ಸಾರ್? ಅವರದೇ ದನಿ ಇರ್ಲಿ ಬಿಡಿ."

"ಅವರ ಮಾತು ಚೆನ್ನೈನೋರಿಗೆ ತಿಳಿಯಲ್ಲ ಅಂತಾನೆ ಹಂಚಿಕೆದಾರ. ಬದಲಾಯಿಸಿದ್ರೇನೇ ಥಿಯೇಟರ್ ಅಂತೆ," ಎಂದ, ನನ್ನ ಮುಖ ನೋಡದೆ.

"ಹೆಸರು?"

"ಕಥೇಲಿ ಮಗನ ಹೆಸರು ಕದಿರೇಸನ್ ಅಲ್ವಾ? ಅದನ್ನೇ ಹೇಳಿ."

"ಬಡವರ ಪರ ಅಂತ ಮೈಕ್ ಸಿಕ್ಕಲ್ಲೆಲ್ಲ ಭಾಷಣ ಬಿಗೀತೀರಲ್ಲ ಸಾರ್."

"ಬಿಗಿಯೋಕೂ ಒಂದು ಸಿನಿಮಾ ಓಡ್ಬೇಕಲ್ಲಮ್ಮ."

ಕದಿರೇಸಾ, ಕದಿರೇಸಾ ಎಂದು ಗಂಟಲು ಹರಿಯುವಂತೆ ಅತ್ತೆ. ಸೌಂಡ್ ಇಂಜಿನಿಯರ್ ಕಣ್ಣೊರೆಸಿಕೊಂಡ.

ಚಿತ್ರ ಚೆನ್ನಾಗಿಯೇ ಓಡಿತು. ಇಳಂಪರಿದಿಗೆ ಪ್ರಶಸ್ತಿ ಬಂತು, ದೊಡ್ಡ ಹೀರೋಗಳು ಮನೆಗೇ ಹುಡುಕಿಕೊಂಡು ಬಂದರು. ಆದರೆ ಅದು ಬಿಡುಗಡೆಯಾಗುವ ಮುಂಚೆ, ಪ್ರಿವ್ಯೂ ದಿನ, ಪೇಚ್ಚಿಯಮ್ಮ ಕೇರಿಯ ಹೆಂಗಸರನ್ನು ಕಟ್ಟಿಕೊಂಡು ಬಸ್ಸು ಹತ್ತಿ ಬಂದಿದ್ದಳು. ನಾನು ಅವರ ಹಿಂದಿನ ಸಾಲಿನಲ್ಲಿದ್ದೆ. ಆ ದೃಶ್ಯ ಶುರುವಾಗುತ್ತಲೇ ಅವಳು ಪಕ್ಕದವಳ ಕೈ ಹಿಡಿದು, "ಈಗ ಬರ್ತದೆ, ಕೇಳೇ," ಎಂದಳು.

ನನ್ನ ದನಿ ಬಂತು. ಹಿಡಿದ ಕೈ ಅವಳು ಬಿಡಲಿಲ್ಲ. ಹಾಡು ಮುಗಿಯುವವರೆಗೂ ಮುಂದಕ್ಕೆ ಬಾಗಿ ಕೇಳುತ್ತಲೇ ಇದ್ದಳು.

ದೀಪ ಹತ್ತಿತು. ಎಲ್ಲರೂ ಚಪ್ಪಾಳೆ ತಟ್ಟಿದರು. ಹಂಚಿಕೆದಾರ ಇಳಂಪರಿದಿಯನ್ನು ತಬ್ಬಿಕೊಂಡಿದ್ದ. ಅವನು ಬಿಡುವವರೆಗೆ ಪೇಚ್ಚಿಯಮ್ಮ ಪಕ್ಕದಲ್ಲೇ ನಿಂತು ಕಾದಳು. ಆಮೇಲೆ ಮೆಲ್ಲಗೆ ಕೇಳಿದಳು.

"ಚೆನ್ನಾಗಿ ಅತ್ತಿದ್ದಾಳೆ ತಂಬಿ. ಯಾರ ಮಗ ಸತ್ತಿದ್ದು?"