ಹಂದಿ ವಕೀಲನ ಗೌರವ ನಿರ್ಣಯ

ಕೆಜಿಯಾ ಗಂಡನ ಕೊರಳಪಟ್ಟಿಯ ಗುಂಡಿ ಹಾಕಲು ಹೆಣಗುತ್ತಿದ್ದಾಗ ಜಡ್ಜ್ ಲೂಷಸ್ ಟಟ್ಲ್ ಬಾಗಿಲಲ್ಲಿ ನಿಂತು ಕೆಮ್ಮಿದ. ಬದುಕಿದ್ದಾಗ ಆ ಪಟ್ಟಿಗೆ ಒಗ್ಗದ ಅಬ್ನರ್ ಪ್ರೂಟ್‌ನ ಕತ್ತು ಸತ್ತ ಮೇಲೂ ಬಗ್ಗಲಿಲ್ಲ. ಕೊನೆಗೆ ಅವಳು ಗುಂಡಿಯ ಗೊಡವೆ ಬಿಟ್ಟು, ಟೈ ಎಳೆದು ಮುಚ್ಚಿದಳು.

ಜಡ್ಜ್‌ನ ಕೈಯಲ್ಲಿ ಕಪ್ಪು ಅಂಚಿನ ಕಾಗದವಿತ್ತು. ಜಿಲ್ಲೆಯಲ್ಲಿ ವಕೀಲನೊಬ್ಬ ಸತ್ತರೆ ಉಳಿದ ವಕೀಲರು ಗೌರವ ನಿರ್ಣಯ ಬರೆಯುತ್ತಾರೆ. ಓದಿದಾಗ ಸಭೆ ಎದ್ದು ನಿಂತು ಒಪ್ಪುತ್ತದೆ. ಒಬ್ಬರದೂ ವಿರೋಧವಿಲ್ಲದಿದ್ದರೆ ಅದು ಕೋರ್ಟಿನ ದಪ್ಪ ಪುಸ್ತಕ ಸೇರುತ್ತದೆ. ಯಾವಾಗಲೂ ಕೋರ್ಟಿನಲ್ಲಿ ಆರು ವಕೀಲರು ಎದ್ದು ನಿಂತು ಮತ್ತೆ ಕುಳಿತರೆ ಕೆಲಸ ಮುಗಿಯುತ್ತಿತ್ತು. ಈ ಸಲ ಚರ್ಚಿನಲ್ಲೇ ಓದುತ್ತೇನೆ, ಇಡೀ ಜಿಲ್ಲೆ ಎದ್ದು ನಿಲ್ಲಲಿ ಎಂದ ಟಟ್ಲ್.

ಕೆಜಿಯಾ ಕನ್ನಡಕ ಏರಿಸಿ ಓದಿದಳು. ಪ್ರಾಮಾಣಿಕ, ದಯಾಳು, ಎರಡು ಸಲ ಶಾಸನಸಭೆಯ ಸದಸ್ಯ. ಅಲ್ಲಿಯವರೆಗೆ ತಕರಾರಿರಲಿಲ್ಲ. ನಾಲ್ಕನೆಯ ಸಾಲಿನ ಮೇಲೆ ಅವಳ ಬೆರಳು ನಿಂತಿತು: ‘ಕೊನೆಗಾಲದಲ್ಲಿ ಬೇಲಿ ಕಾಯ್ದೆಯ ಒಳಿತನ್ನು ಮನಗಂಡರು.’

“ಯಾವಾಗ ಮನಗಂಡ್ರು?”

“ಹೋದ ತಿಂಗಳು ನೋಡೋಕೆ ಬಂದಿದ್ನಲ್ಲ ತಂಗಿ, ಆಗ ಕಾಯ್ದೆ ವಿಚಾರ ಎತ್ತಿದೆ. ‘ನಿನ್ನಿಷ್ಟ ಲೂಷಸ್’ ಅಂದ.”

“ನಿಮ್ಮನ್ನ ಮನೆಯಿಂದ ಸಾಗಹಾಕ್ಬೇಕು ಅನ್ಸಿದಾಗೆಲ್ಲ ಹಾಗೇ ಅಂತಿದ್ರು. ಮೂವತ್ತು ವರ್ಷದಿಂದ ಅಂದಿದಾರೆ. ಆ ಸಾಲು ತೆಗೀರಿ.”

ವಕೀಲರ ನಿರ್ಣಯದಲ್ಲಿ ಹೆಂಗಸರ ಮಾತಿಗೆ ಜಾಗವಿಲ್ಲವೆಂದು ಟಟ್ಲ್ ಬೆಣ್ಣೆ ಸವರಿದ ದನಿಯಲ್ಲಿ ತಿಳಿಸಿದ. ಶನಿವಾರದ ಪತ್ರಿಕೆಗೂ ಹೇಳಿಯಾಗಿತ್ತಂತೆ. ಅವಳು ಮಾಡಬೇಕಾದ್ದು ಇಷ್ಟೇ: ಎಲ್ಲರೂ ಎದ್ದಾಗ ಎದ್ದರಾಯಿತು.

ಶನಿವಾರ ಪತ್ರಿಕೆ, ಮಂಗಳವಾರ ಕಾಯ್ದೆ ಬೇಕೋ ಬೇಡವೋ ಎಂಬ ಮತದಾನ. ಕೆಜಿಯಾಗೆ ಎಲ್ಲ ಅರ್ಥವಾಯಿತು. ಬೇಲಿ ಕಾಯ್ದೆ ಗೆದ್ದರೆ ಹಂದಿ ಸಾಕಿದವರು ಅವನ್ನು ದೊಡ್ಡಿಯಲ್ಲಿ ಕೂಡಿಹಾಕಬೇಕು. ಟಟ್ಲ್‌ನಂಥ ಜಮೀನುದಾರರಿಗೆ ಬೆಳೆಯ ಸುತ್ತ ಬೇಲಿ ಹಾಕುವ ಗೋಳು ತಪ್ಪುತ್ತದೆ. ಅಂಗೈಯಗಲ ನೆಲವಿಲ್ಲದೆ, ಓಕ್ ಕಾಡಿಗೆ ಹಂದಿ ಅಟ್ಟಿ, ಚಳಿಗಾಲಕ್ಕೆ ಮಾಂಸ ಉಪ್ಪು ಹಾಕಿಟ್ಟುಕೊಳ್ಳುವ ಗುಡ್ಡದ ಜನ ದೊಡ್ಡಿ ಕಟ್ಟುವುದಾದರೂ ಎಲ್ಲಿ? ಅವರು ಪತ್ರಿಕೆ ಓದುವವರಲ್ಲ. ಪ್ರೂಟ್ ಏನಂದ ಎಂದು ಕೇಳಿ ಓಟು ಹಾಕುವವರು.

*

ಊರು ಅಬ್ನರನನ್ನು ‘ಹಂದಿ ವಕೀಲ’ ಎಂದು ಕರೆಯುತ್ತಿತ್ತು. ಕಾಡಿನಲ್ಲಿ ಎಲ್ಲರ ಹಂದಿಗಳೂ ಒಟ್ಟಿಗೆ ಮೇಯುವುದರಿಂದ ಒಂದೊಂದು ಮನೆಯವರು ಒಂದೊಂದು ರೀತಿಯಲ್ಲಿ ಕಿವಿ ಕತ್ತರಿಸಿ, ಆ ಗುರುತನ್ನು ಕೋರ್ಟಿನಲ್ಲಿ ಬರೆಸುತ್ತಿದ್ದರು. ಒಮ್ಮೆ ಟಿಲ್ಡಾ ಗ್ರಬ್ಸ್ ಎಂಬ ವಿಧವೆಯ ಹಂದಿಯನ್ನು ಜಮೀನುದಾರನೊಬ್ಬ ಹಿಡಿದಿಟ್ಟುಕೊಂಡ. ಹಂದಿಯ ಎರಡೂ ಕಿವಿ ಬುಡದವರೆಗೆ ಮಾಯ. ಆಗಿನ್ನೂ ವಕೀಲನಾಗಿದ್ದ ಟಟ್ಲ್ ಅವನ ಪರ ನಿಂತು, ಕಿವಿಯೇ ಇಲ್ಲದ ಮೇಲೆ ಗುರುತೆಲ್ಲಿ ಎಂದು ವಾದಿಸಿದ.

“ಕಿವಿ ಹೋಗಿದೆ ಸ್ವಾಮಿ, ಕೇಳೋದು ಹೋಗಿಲ್ಲ,” ಎಂದ ಅಬ್ನರ್.

ಹಂದಿ ಕರೆಯುವ ಕೂಗು ಮನೆಮನೆಗೂ ಬೇರೆ. ನ್ಯಾಯಾಧೀಶರು ಪಂಚರನ್ನು ಕರೆದುಕೊಂಡು ಅಂಗಳಕ್ಕೆ ಬಂದರು. ಜಮೀನುದಾರ ಮುಖ ಕೆಂಪಾಗುವ ತನಕ ಕೂಗಿದ. ಹಂದಿ ಕೋರ್ಟಿನ ಅಡಿಪಾಯ ಕೆದಕುತ್ತಲೇ ಇತ್ತು. ಟಿಲ್ಡಾ ಒಂದೇ ಸಲ ಕೂಗಿದಳು. ಅದು ಟಟ್ಲ್‌ನ ಕಾಲ ಸಂದಿಯಲ್ಲೇ ನುಗ್ಗಿ ಅವಳತ್ತ ಓಡಿತು. ಅಬ್ನರ್ ಮನೆಗೆ ಬಂದು ಹೆಂಡತಿಯ ಮುಂದೆ ಜಮೀನುದಾರ, ಟಟ್ಲ್, ಹಂದಿ ಮೂವರನ್ನೂ ಅಣಕಿಸಿ ತೋರಿಸಿದ. ಮೂವರಲ್ಲಿ ಹಂದಿಯೇ ಹೆಚ್ಚು ಗಂಭೀರವಾಗಿತ್ತು.

ಆ ಗುಡ್ಡದವರೇ ಅವನನ್ನು ಎರಡು ಸಲ ಶಾಸನಸಭೆಗೆ ಕಳಿಸಿದರು. ಬೇಲಿ ಮಸೂದೆಯನ್ನು ಅವನು ಎರಡು ಸಲವೂ ಮಲಗಿಸಿ ಬಂದ. ಮೂರನೆಯ ಸಲ ಜಮೀನುದಾರರೆಲ್ಲ ಒಂದಾಗಿ ಅವನನ್ನೇ ಮಲಗಿಸಿದರು. ಸೋತು ಬಂದವನು ಬೂಟು ಬಿಚ್ಚುತ್ತಾ, “ಕುರ್ಚಿ ಹೋಯ್ತು ಕೆಜಿ. ಬೇಡ ಅನ್ನೋ ಬಾಯಿ ಇನ್ನೂ ನಂದೇ,” ಎಂದಿದ್ದ.

*

ಚರ್ಚು ತುಂಬಿತ್ತು. ಮುಂದೆ ಪಟ್ಟಣದವರು, ಹಿಂದೆ ಗುಡ್ಡದವರು, ನಡುವೆ ಶವಪೆಟ್ಟಿಗೆ ಹೊರಲು ಬಿಳಿ ಕೈಗವಸು ತೊಟ್ಟ ಆರು ವಕೀಲರು. ಕೋರ್ಟಿನ ಗುಮಾಸ್ತ ಪುಸ್ತಕ ಬಿಡಿಸಿಕೊಂಡು ಕುಳಿತಿದ್ದ. ನಾಲ್ಕನೆಯ ಸಾಲಿಗೆ ಬಂದಾಗ ಟಟ್ಲ್ ದನಿ ಏರಿಸಿ, ಹಿಂದಿನ ಬೆಂಚುಗಳತ್ತ ನೋಡುತ್ತಾ ಓದಿದ. ಗುಡ್ಡದವರು ಮುಖ ಮುಖ ನೋಡಿಕೊಂಡರು.

“ಅಬ್ನರ್ ಪ್ರೂಟ್ ಮೇಲೆ ಗೌರವ ಇರೋರೆಲ್ಲ ಎದ್ದು ನಿಂತು ಇದನ್ನ ಒಪ್ಪಬೇಕು,” ಎಂದ.

ಹೆಣದ ಮುಂದೆ ಗೌರವವಿಲ್ಲ ಎನ್ನುವವರು ಯಾರು? ಬೆಂಚುಗಳು ಕಿರುಗುಟ್ಟಿದವು. ಪಟ್ಟಣದವರು ಎದ್ದರು. ಗುಡ್ಡದವರೂ ಟೋಪಿ ಹಿಂಡುತ್ತಾ ಒಬ್ಬೊಬ್ಬರಾಗಿ ಎದ್ದರು. ಕೆಜಿಯಾಳ ಮೊಣಕಾಲುಗಳು ನಲವತ್ತು ವರ್ಷದ ರೂಢಿಯಂತೆ ತಾವೇ ಏಳಲು ಹೊರಟವು. ಗಂಡನ ಗೌರವಕ್ಕೇ ಏಳದವಳೆಂಬ ಮಾತು ಸಂಜೆಯೊಳಗೆ ಮನೆಮನೆ ಮುಟ್ಟುತ್ತದೆಂದು ಅವಳಿಗೆ ಗೊತ್ತಿತ್ತು. ಬೆಂಚಿನ ಅಂಚನ್ನು ಎರಡೂ ಕೈಯಲ್ಲಿ ಹಿಡಿದು ಕುಳಿತೇ ಇದ್ದಳು.

ಟಟ್ಲ್ ಬಾಗಿ, “ಮೈ ಸರಿ ಇಲ್ವಾ ತಂಗಿ?” ಎಂದ.

“ಮೈ ಸರಿ ಇದೆ ಜಡ್ಜ್ ಸಾಹೇಬ್ರೇ. ನಾಲ್ಕನೇ ಸಾಲು ಸರಿ ಇಲ್ಲ.” ಅವಳ ದನಿ ಕೊನೆಯ ಬೆಂಚಿನವರೆಗೂ ಹೋಯಿತು. “ನಮ್ಮೋರು ಸಾಯೋ ಹಿಂದಿನ ದಿನಾನೂ ಬೇಲಿ ಕಾಯ್ದೆ ಬೇಡ ಅಂದ್ರು. ಈಗ ಬಾಯಿಲ್ಲ ಅಂತ ಅವರ ಕೈಲಿ ಹೌದು ಅನ್ನಿಸ್ಬೇಡಿ.”

ಹಿಂದೆ ಒಂದು ಬೆಂಚು ಕಿರುಗುಟ್ಟಿತು. ಮುದುಕಿ ಟಿಲ್ಡಾ ಗ್ರಬ್ಸ್ ಧೊಪ್ಪನೆ ಕುಳಿತಿದ್ದಳು. ಅವಳ ಪಕ್ಕದವನು ಕುಳಿತ. ಆ ಸಾಲು ಕುಳಿತಿತು. ಅದರ ಮುಂದಿನ ಸಾಲೂ ಕುಳಿತಿತು. ಪಟ್ಟಣದವರಲ್ಲೂ ದಿನಸಿ ಅಂಗಡಿಯವನು ಆಚೀಚೆ ನೋಡಿ, ಮೆಲ್ಲಗೆ ಕುಳಿತುಬಿಟ್ಟ.

ಗುಮಾಸ್ತ ಲೇಖನಿ ಎತ್ತಿ, ತಲೆ ಎಣಿಸತೊಡಗಿ, ಕೊನೆಗೆ ಕೇಳಿದ: “ಸಾಹೇಬ್ರೇ, ವಿರೋಧ ಎಷ್ಟು ಅಂತ ಬರೀಲಿ?”

“ಏನೂ ಬರೀಬೇಡ,” ಎಂದ ಟಟ್ಲ್. ಕಪ್ಪು ಅಂಚಿನ ಕಾಗದವನ್ನು ನಾಲ್ಕಾಗಿ ಮಡಚಿ ಕೋಟಿನೊಳಗೆ ಇಳಿಸಿ, ವಕೀಲರಿಗೆ ಕಣ್ಸನ್ನೆ ಮಾಡಿದ.

ಆರು ಜೋಡಿ ಬಿಳಿ ಕೈಗಳು ಪೆಟ್ಟಿಗೆಯನ್ನು ಎತ್ತಿದವು. ಆಗ ಕೆಜಿಯಾ ಎದ್ದು ನಿಂತಳು. ಅವಳ ಹಿಂದೆ ಇಡೀ ಚರ್ಚು ಎದ್ದು ನಿಂತಿತು.