ಸೊನ್ನೆಯಿಂದ ಏರದ ಎಣಿಕೆ

ಊರಿಗೆ ನೀರೆತ್ತುವ ಪಂಪ್‌ಹೌಸಿನ ನಿಯಂತ್ರಣ ಕೊಠಡಿಗೆ ಅಕ್ಕ ಬಂದು ನಿಂತಾಗ ಸಂಜೆ ನಾಲ್ಕು ಗಂಟೆ. ತಮ್ಮನನ್ನು ಅಲ್ಲಿಂದ ಆಸ್ಪತ್ರೆಗೆ ಸಾಗಿಸಿ ಎರಡು ತಾಸು ಕಳೆದಿತ್ತು. ಅವನ ತಲೆದಿಂಬಿನ ಬಳಿ ಕುಳಿತಿರಬೇಕಾದವಳು ಇಲ್ಲಿಗೆ ಬರಲು ಕಾರಣ, ಆ ಕೊಠಡಿಯ ಕಂಪ್ಯೂಟರಿನೊಳಗಿದ್ದ ಒಂದು ಪುಟ್ಟ ಲೈಬ್ರರಿ ಕಡತ. ಅದನ್ನು ಬರೆದವಳು ಅವಳೇ.

ಆ ಕಡತಕ್ಕೆ ತಿಳಿದದ್ದು ಒಂದೇ ವಿದ್ಯೆ. ಎದುರು ಕುಳಿತವನು ಕೀಲಿಮಣೆಯನ್ನೋ ಮೌಸನ್ನೋ ಕಡೆಯ ಬಾರಿ ಮುಟ್ಟಿ ಎಷ್ಟು ಸೆಕೆಂಡಾಯಿತೆಂದು, ಬೇರೆ ಪ್ರೋಗ್ರಾಮುಗಳು ಕೇಳಿದಾಗ, ಒಂದು ಸಂಖ್ಯೆಯಲ್ಲಿ ಹೇಳುವುದು. ಮುಟ್ಟಿದೊಡನೆ ಸೊನ್ನೆ, ಕೈಕಟ್ಟಿ ಕುಳಿತರೆ ಒಂದು, ಎರಡು, ಮೂರು. ಆರುನೂರು ದಾಟಿದರೆ ಕೇಂದ್ರ ಕಚೇರಿಯಲ್ಲಿ ಗಂಟೆ ಬಾರಿಸಬೇಕು. ಪಾಳಿಯಲ್ಲಿ ತೂಕಡಿಸಿ ಜೊತೆಗಾರರಿಂದ ನಿದ್ದೆರಾಯನೆನಿಸಿಕೊಂಡಿದ್ದ ತಮ್ಮ, ಈ ಏರ್ಪಾಡು ಬಂದ ದಿನ ಫೋನು ಮಾಡಿ, "ಸ್ವಂತ ತಮ್ಮನ ನಿದ್ದೆಗೇ ಕಲ್ಲು ಹಾಕಿದೆಯಲ್ಲೇ ಅಕ್ಕ" ಎಂದು ನಕ್ಕಿದ್ದ. ಕೀಲಿಯ ಮೇಲೆ ತೂಕದ ಬೋಲ್ಟೊಂದನ್ನಿಟ್ಟು ಕಣ್ಣುಮುಚ್ಚುವ ಉಪಾಯವನ್ನೂ ಹೂಡಿದ್ದ. ಅಕ್ಕ ಅದನ್ನು ಪತ್ತೆಹಚ್ಚಿ, ಅದುಮಿ ಹಿಡಿದ ಕೀಲಿ ಲೆಕ್ಕಕ್ಕಿಲ್ಲ, ಬೆರಳೆತ್ತಿ ಮತ್ತೆ ಒತ್ತಿದರೆ ಮಾತ್ರ ಮುಟ್ಟಿದಂತೆ ಎಂದು ಕಡತವನ್ನು ತಿದ್ದಿದ್ದಳು.

"ಬೆಳಿಗ್ಗೆ ಎಂಟಕ್ಕೇ ಬಿದ್ದಿರಬೇಕು ಅಂದ್ರು ಡಾಕ್ಟರು," ಎಂದ ಮೇಲ್ವಿಚಾರಕ. ತಲೆ ನರೆತ, ನಿಧಾನಿ ಮನುಷ್ಯ. "ತಲೆಯೊಳಗೆ ರಕ್ತನಾಳ ಒಡೆದಿದೆಯಂತೆ. ಅಗೋ, ಆ ಗೋಡೆ ಹತ್ರ ಬಿದ್ದಿದ್ದ, ಕುರ್ಚಿಯಿಂದ ಆರಡಿ ದೂರ. ಎರಡು ಗಂಟೆಗೆ ಪಾಳಿ ಬದಲಾಗೋವರೆಗೂ ಒಬ್ಬರಿಗೂ ಗೊತ್ತಾಗಲಿಲ್ಲ. ನಿಮ್ಮ ಕಡತ ಬಾಯೇ ಬಿಡಲಿಲ್ಲವಲ್ಲಮ್ಮ."

ಅಕ್ಕ ಪರದೆಯನ್ನು ನೋಡಿದಳು. ಕುರ್ಚಿ ಖಾಲಿಯಿತ್ತು. ಪರದೆಯ ಮೂಲೆಯಲ್ಲಿ ಸೊನ್ನೆಯಿತ್ತು.

"ಆಗಿನಿಂದ ಹೀಗೇ ಇದೆ. ಒಂದ್ಸಲ ಆರಿಸಿ ಹಚ್ಚಿದ್ರೆ ಸರಿಹೋಗುತ್ತೆ. ನೀವು ನೋಡ್ಲಿ ಅಂತ ಬಿಟ್ಟಿದ್ದೆ."

ಅವಳು ಕೀಲಿಮಣೆಯ ತಂತಿಯನ್ನು ಕಿತ್ತಳು, ಮೌಸಿನದನ್ನೂ ಕಿತ್ತಳು. ಎರಡನ್ನೂ ಸುತ್ತಿ ಮೇಜಿನ ಮೇಲಿಟ್ಟಳು. ಸಂಖ್ಯೆ ಕದಲಲಿಲ್ಲ. ಬೆಳಗಿನಿಂದ ಕಡತ ಬರೆದಿಟ್ಟಿದ್ದ ದಾಖಲೆಯನ್ನು ತೆರೆದಳು. ಎಂಟು ಗಂಟೆಯಿಂದ ಈವರೆಗೆ ಬಿಡಿಬಿಡಿಯಾದ ಸಾವಿರಾರು ಸ್ಪರ್ಶಗಳು. ಯಾವ ಕೀಲಿ ಎಂಬುದು ಮಾತ್ರ ಅದರಲ್ಲಿರಲಿಲ್ಲ. ಕೆಲಸದವನು ಏನು ಬರೆದನೆಂದು ಇಣುಕುವುದು ಸಭ್ಯತೆಯಲ್ಲವೆಂದು ಆ ಕಿಂಡಿಯನ್ನು ಅವಳೇ ಮುಚ್ಚಿದ್ದಳು. ಆದರೆ ಎಣಿಕೆಯಲ್ಲೊಂದು ಏರಿಳಿತವಿತ್ತು. ಸೊನ್ನೆ, ಸೊನ್ನೆ, ಒಂದು, ಮತ್ತೆ ಸೊನ್ನೆ, ಎರಡರವರೆಗೆ ಹೋಗಿ ಮತ್ತೆ ಸೊನ್ನೆ. ಕೆಟ್ಟ ಯಂತ್ರ ಒಂದೇ ಸಮನೆ ಕೆಟ್ಟಿರುತ್ತದೆ. ಇದು ದಣಿದಂತೆ, ದಣಿವಾರಿಸಿಕೊಂಡಂತೆ ನಡೆದಿತ್ತು.

ಫೋನು ಬಂತು. ಆಸ್ಪತ್ರೆಯಿಂದ ತಮ್ಮನ ಹೆಂಡತಿ.

"ಏನಕ್ಕ, ಮಷೀನಿನ ಜೊತೆ ಪಂಚಾಯಿತಿ ಮುಗೀತಾ? ಒಡಹುಟ್ಟಿದವಳಿಗೆ ಇಲ್ಲಿ ಬಂದು ಕೂರೋಕೆ ಪುರುಸೊತ್ತಿಲ್ಲ."

"ಬರ್ತೀನಿ ಪುಟ್ಟಿ. ಹೇಗಿದಾನೆ?"

"ಎಚ್ಚರ ಇಲ್ಲ. ಬಲಗೈ ತೋರುಬೆರಳು ಮಾತ್ರ ಆಡ್ತಾ ಇದೆ. ಹಾಸಿಗೆ ಮೇಲೆ ಏನೋ ಒತ್ತಿದ ಹಾಗೆ. ನರ ಎಳೆಯೋದು, ಏನೂ ಅಲ್ಲ ಅಂದ್ರು ನರ್ಸು."

ಅಕ್ಕ ಫೋನನ್ನು ಮೇಜಿನ ಮೇಲಿಟ್ಟು, ಇಬ್ಬರಿಗೂ ಕೇಳುವಂತೆ ಸದ್ದು ಹೆಚ್ಚಿಸಿದಳು. "ಆ ಬೆರಳನ್ನೇ ನೋಡ್ತಾ ಇರು. ಒತ್ತಿದಾಗಲೆಲ್ಲ ನನಗೆ ಹೇಳು."

"ಇದೆಂಥ ಹುಚ್ಚಾಟ ಅಕ್ಕ?"

"ಹೇಳೇ ಮಾರಾಯ್ತಿ."

"ಈಗ. ಈಗ. ಮತ್ತೆ ಈಗ. ನಿಂತಿತು..." ಪರದೆಯ ಮೇಲೆ ಒಂದು, ಎರಡು, ಮೂರು ಮೂಡಿದವು. "ಹೂಂ, ಈಗ."

ಸೊನ್ನೆ.

ಮೇಲ್ವಿಚಾರಕ ಪರದೆಯನ್ನೂ ಫೋನನ್ನೂ ಮತ್ತೆ ಮತ್ತೆ ನೋಡಿದ. ಆಮೇಲೆ, ತನಗೆ ತಾನೇ ಧೈರ್ಯ ಹೇಳಿಕೊಳ್ಳುವವನಂತೆ, ಸ್ವಿಚ್ಚಿನತ್ತ ಕೈಚಾಚಿದ. "ಏನೋ ತಾಳೆಯಾಗಿದೆ, ಅಷ್ಟೇ. ಐದಕ್ಕೆ ನೀರು ಬಿಡಬೇಕು. ಇದನ್ನ ಹೊಸದಾಗಿ ಹಚ್ಚದೆ ಪಂಪು ಮಾತು ಕೇಳಲ್ಲ."

ಅವಳು ಸ್ವಿಚ್ಚನ್ನು ಅಂಗೈಯಿಂದ ಮುಚ್ಚಿದಳು. "ಮುಟ್ಟಬೇಡಿ."

"ಅಕ್ಕ," ಎಂದಿತು ಫೋನು. ಆ ದನಿಯಲ್ಲಿ ಈಗ ಕುಟುಕಿರಲಿಲ್ಲ. "ಬೆರಳು ನಿಂತಿದೆ."

ಒಂಬತ್ತು, ಹತ್ತು, ಹನ್ನೊಂದು. ಬೆಳಗಿನಿಂದ ಅದು ಮೂರರ ಮೇಲೆ ಹೋಗಿರಲಿಲ್ಲ. ಹದಿನೇಳು, ಹದಿನೆಂಟು. "ಉಸಿರು ಯಾಕೋ... ನರ್ಸ್, ಇಲ್ಲಿ ನೋಡಿ." ಆಚೆ ಕಡೆ ಹೆಜ್ಜೆಗಳ ಸದ್ದು, ಚಕ್ರ ಉರುಳಿದ ಸದ್ದು. ಅಕ್ಕ ಕೀಲಿಮಣೆಯ ತಂತಿಯನ್ನು ಬಿಚ್ಚಿ, ಮತ್ತೆ ಸಿಕ್ಕಿಸಿ, ಎಲ್ಲಕ್ಕಿಂತ ಉದ್ದದ ಕೀಲಿಯನ್ನು ಒತ್ತಿದಳು. ಮೂವತ್ತೊಂದಿದ್ದುದು ಸೊನ್ನೆಯಾಯಿತು. ಬೆರಳೆತ್ತಿ ಮತ್ತೆ ಒತ್ತಿದಳು. ಮತ್ತೆ.

ಬಹಳ ಹೊತ್ತಿನ ಮೇಲೆ ಎಂಬಂತೆ ಮಾತು ಕೇಳಿಸಿತು. "ಬೆರಳಾಡಿತು ಅಕ್ಕ. ಉಸಿರೂ ಬಂತು."

ಅರ್ಧ ತಾಸು ಅವಳು ಒತ್ತುತ್ತಲೇ ಇದ್ದಳು. ಒಮ್ಮೆ, ಪರೀಕ್ಷಿಸಲೆಂದು, ಕೈ ತಡೆದಳು. ಎಣಿಕೆ ತಾನಾಗಿ ಇಳಿಯಲಿಲ್ಲ; ಏರುತ್ತಲೇ ಹೋಯಿತು. ಅದು ಐದು ಮುಟ್ಟುತ್ತಲೇ ಆಚೆಯವಳು "ಅಕ್ಕ, ಉಸಿರು" ಎಂದಳು. ಆಮೇಲೆ ಅವಳು ಪರೀಕ್ಷಿಸಲಿಲ್ಲ.

"ಒಂದು ಕ್ಷಣ ಕಣ್ಣು ಬಿಟ್ಟಿದ್ರು," ಎಂದು ತಮ್ಮನ ಹೆಂಡತಿ ಅಳುತ್ತ ಹೇಳಿದಳು. "ನಿನ್ನನ್ನೇ ಹುಡುಕಿದ ಹಾಗಿತ್ತು. ಹತ್ತಿರದವರೆಲ್ಲ ಬೇಗ ಬರಲಿ ಅಂತಿದಾರೆ ಡಾಕ್ಟರು. ನಿನ್ನ ದಮ್ಮಯ್ಯ, ಬಾ ಅಕ್ಕ."

ಮೇಲ್ವಿಚಾರಕ ಕೈಯನ್ನು ಪ್ಯಾಂಟಿಗೆ ಒರೆಸಿಕೊಂಡು ಹತ್ತಿರ ಬಂದ. "ನೀವು ಹೊರಡಿ ತಾಯಿ. ಹೊರಗೆ ನಮ್ಮ ಜೀಪಿದೆ. ಒತ್ತೋದು ತಾನೆ, ನಾನು ಒತ್ತಿರ್ತೀನಿ. ನನಗೆ ನಂಬಿಕೆ ಇದೆಯೋ ಇಲ್ಲವೋ, ಬೆರಳಂತೂ ಇದೆ."

ಅವಳು ಪಕ್ಕಕ್ಕೆ ಸರಿದು ಜಾಗ ಬಿಟ್ಟಳು. ಅವನ ದಪ್ಪ ಬೆರಳು ಕೀಲಿಯ ಮೇಲೆ ಬಿತ್ತು. ಕೀಲಿ ಕೆಳಗಿಳಿಯಿತು, ಮೇಲೆದ್ದಿತು. ಪರದೆಯ ಮೇಲೆ ಒಂದು. ಮತ್ತೆ ಒತ್ತಿದ. ಎರಡು. ಬೇರೆ ಕೀಲಿ ಒತ್ತಿದ, ಐದು ಬೆರಳನ್ನೂ ಊರಿ ಒತ್ತಿದ. ಮೂರು, ನಾಲ್ಕು, ಐದು. ಅಕ್ಕ ಅವನ ಕೈಯ ಕೆಳಗಿನಿಂದಲೇ ತನ್ನ ಬೆರಳನ್ನು ತೂರಿಸಿದಳು.

ಸೊನ್ನೆ.

ಮೇಲ್ವಿಚಾರಕ ಹಿಂದೆ ಸರಿದು ತನ್ನ ಬೆರಳುಗಳನ್ನು ತಿರುಗಿಸಿ ತಿರುಗಿಸಿ ನೋಡಿಕೊಂಡ.

"ಹೊರಟೆಯಾ ಅಕ್ಕ?"

"ಫೋನನ್ನ ಅವನ ಕಿವಿ ಹತ್ರ ಹಿಡಿ," ಎಂದಳು ಅಕ್ಕ. ಬಟ್ಟೆ ಸರಿದ ಸದ್ದಾಯಿತು. ಆಮೇಲೆ, ಏನೋ ಗುಳುಗುಳು ಎನ್ನುವ ಯಂತ್ರದ ಸದ್ದು. "ಲೋ, ಮಲಗಿದ್ದು ಸಾಕು. ನೀನು ಒತ್ತು. ನಾನೂ ಒತ್ತುತಾ ಇದೀನಿ."

ಗೋಡೆಯ ಗಡಿಯಾರದಲ್ಲಿ ಐದಾಗಿತ್ತು. ಯಾರೂ ಹೇಳದೆಯೇ ಮೇಲ್ವಿಚಾರಕ ಕೇಂದ್ರ ಕಚೇರಿಗೆ ಕರೆಮಾಡಿ, ಇವತ್ತು ನೀರು ಬಿಡುವುದಿಲ್ಲವೆಂದು ತಿಳಿಸಿದ. ನಾಳೆ ಬಿಡ್ತೀರಾ ಎಂದು ಅತ್ತಲಿಂದ ಕೇಳಿದರು. ಅವನು ಅಕ್ಕನ ಬೆರಳಿನತ್ತ ನೋಡಿದ.

"ಗೊತ್ತಿಲ್ಲ ಸ್ವಾಮಿ," ಎಂದ.

"ಕುರ್ಚಿ ಸ್ವಲ್ಪ ಮುಂದಕ್ಕೆ ತಳ್ಳಿ," ಎಂದಳು ಅಕ್ಕ.